ಹೊಯ್ಸಳ ದೇವಾಲಯಗಳನ್ನು ಗೈಡ್ ಜೊತೆಗೆ ನೋಡುವ ಬಗೆ

ಹೊಯ್ಸಳರ ದೇವಾಲಯದ ಹೊರಗೋಡೆಯಲ್ಲಿ ಕಣ್ಣಿಗೆ ಬಿಡುವು ಕೊಡುವಂಥ ಖಾಲಿ ಜಾಗ ಹುಡುಕಿದರೂ ಸಿಗುವುದು ಕಷ್ಟ. ತಳದ ಆನೆಗಳ ಸಾಲಿನಿಂದ ಸೂರಿನ ಕೆಳಗಿನ ಮದನಿಕೆಯರವರೆಗೆ ಎಲ್ಲವೂ ಒಟ್ಟಿಗೇ ಎದುರು ನಿಲ್ಲುವುದರಿಂದ, ಮೊದಲ ಸಲ ಹೋದವರು ಹತ್ತು ನಿಮಿಷ ಬೆರಗಿನಿಂದ ನೋಡಿ, ಆಮೇಲೆ ಎಲ್ಲವೂ ಒಂದೇ ಬಗೆಯಾಗಿ ಕಾಣತೊಡಗಿ, ನಾಲ್ಕು ಫೋಟೊ ತೆಗೆದುಕೊಂಡು ಹೊರಬೀಳುತ್ತಾರೆ. ಗೈಡ್ ಬೇಕಾಗುವುದು ಈ ಕಾರಣಕ್ಕೆ. ಅವರು ಹೇಳುವ ಕಥೆಗಳು ಪುಸ್ತಕದಲ್ಲೂ ಮೊಬೈಲಿನಲ್ಲೂ ಸಿಗುತ್ತವೆ. ಆದರೆ ಯಾವ ಮೂಲೆಯಲ್ಲಿ, ಎಷ್ಟು ಎತ್ತರದಲ್ಲಿ, ಯಾವ ಹೊತ್ತಿನ ಬೆಳಕಿನಲ್ಲಿ ಏನನ್ನು ನೋಡಬೇಕು ಎಂಬ ತಿಳಿವಳಿಕೆ ದಿನವೂ ಅದೇ ಗುಡಿಯ ಕಟ್ಟೆಯ ಮೇಲೆ ನಡೆದಾಡುವವರ ಬಳಿ ಮಾತ್ರ ಇರುತ್ತದೆ. ಅದನ್ನು ಅವರಿಂದ ಪಡೆದುಕೊಳ್ಳುವುದು ಹೇಗೆ ಎಂಬುದೇ ಈ ಬರಹದ ವಿಷಯ. 2023ರ ಸೆಪ್ಟೆಂಬರ್‌ನಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಒಟ್ಟಾಗಿ ಸೇರಿದ ಬೇಲೂರು, ಹಳೇಬೀಡು ಮತ್ತು ಸೋಮನಾಥಪುರಗಳನ್ನು ಉದಾಹರಣೆಯಾಗಿ ಇಟ್ಟುಕೊಂಡಿದ್ದೇನೆ.

ಹೊರಡುವ ಮೊದಲು

ಮೂರನ್ನೂ ಒಂದೇ ದಿನ ನೋಡುವ ಆಸೆ ಬೇಡ. ಬೇಲೂರು ಮತ್ತು ಹಳೇಬೀಡುಗಳ ನಡುವಿನ ದೂರ ಸುಮಾರು 16 ಕಿಲೋಮೀಟರ್ ಮಾತ್ರವಾದ್ದರಿಂದ ಅವೆರಡಕ್ಕೆ ಒಂದು ಪೂರ್ಣ ದಿನ ಇಟ್ಟುಕೊಂಡು, ಹಿಂದಿನ ರಾತ್ರಿ ಹಾಸನದಲ್ಲೋ ಬೇಲೂರಿನಲ್ಲೋ ಉಳಿದುಕೊಳ್ಳುವುದು ಅನುಕೂಲ. ಸೋಮನಾಥಪುರ ಮೈಸೂರಿನ ಕಡೆಯದು. ಅದಕ್ಕೆ ಬೇರೆ ದಿನ ಬೇಕು. ಬೆಂಗಳೂರಿನಿಂದ ಬೆಳಗ್ಗೆ ಹೊರಟು ಶ್ರವಣಬೆಳಗೊಳವನ್ನೂ ಸೇರಿಸಿ ರಾತ್ರಿ ಮರಳುವ ಬಸ್ ಪ್ರವಾಸಗಳಲ್ಲಿ ಹೋಗುವವರಿಗೆ ಒಂದೊಂದು ಸ್ಥಳದಲ್ಲಿ ಸಿಗುವ ಸಮಯ ಬಹಳ ಕಡಿಮೆ. ಅಂಥವರು ಇಡೀ ಗುಡಿಯನ್ನು ಓಡುತ್ತ ಸುತ್ತುವ ಬದಲು, ಒಂದು ಗೋಡೆಯನ್ನು ಮಾತ್ರ ಸರಿಯಾಗಿ ನೋಡುವುದೆಂದು ಮೊದಲೇ ನಿರ್ಧರಿಸಿಕೊಂಡರೆ ಹೆಚ್ಚು ದಕ್ಕುತ್ತದೆ.

ಯಾವುದನ್ನು ಮೊದಲು ನೋಡಬೇಕೆಂಬುದನ್ನು ಸೂರ್ಯನೇ ತೀರ್ಮಾನಿಸುತ್ತಾನೆ. ಬೇಲೂರಿನ ಚೆನ್ನಕೇಶವ ದೇವಾಲಯದ ಮುಖ ಪೂರ್ವಕ್ಕಿದೆ. ಬೆಳಗಿನ ಓರೆ ಬಿಸಿಲಿನಲ್ಲಿ ಮುಂಭಾಗದ ಕೆತ್ತನೆಗಳ ಆಳ ಎದ್ದು ಕಾಣುತ್ತದೆ. ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದಲ್ಲಿ ಅತ್ಯುತ್ತಮ ಶಿಲ್ಪಗಳಿರುವುದು ಹಿಂಬದಿಯ ಪಶ್ಚಿಮ ಗೋಡೆಯಲ್ಲಿ, ಅದಕ್ಕೆ ಬೆಳಕು ಬೀಳುವುದು ಮಧ್ಯಾಹ್ನದ ಮೇಲೆ. ಆದ್ದರಿಂದ ಬೆಳಗ್ಗೆ ಬೇಲೂರು, ಊಟದ ನಂತರ ಹಳೇಬೀಡು. ಬೇಲೂರು ಇಂದಿಗೂ ಪೂಜೆ ನಡೆಯುವ ಕ್ಷೇತ್ರವಾದ್ದರಿಂದ ಮಧ್ಯಾಹ್ನ ಕೆಲ ಹೊತ್ತು ಗರ್ಭಗುಡಿಯ ಬಾಗಿಲು ಹಾಕಿರುತ್ತದೆ ಎಂಬುದೂ ಈ ಕ್ರಮಕ್ಕೆ ಇನ್ನೊಂದು ಕಾರಣ. ಹಳೇಬೀಡಿನ ಪುರಾತತ್ವ ವಸ್ತುಸಂಗ್ರಹಾಲಯಕ್ಕೆ ಶುಕ್ರವಾರ ರಜೆ. ಅದನ್ನು ನೋಡಬೇಕೆಂದಿದ್ದರೆ ಬೇರೆ ದಿನ ಆರಿಸಿಕೊಳ್ಳಿ.

ಜೊತೆಗೆ ಒಯ್ಯಬೇಕಾದವು ಹೆಚ್ಚಿಲ್ಲ. ಚಪ್ಪಲಿ ಬಿಟ್ಟು ನಡೆಯಬೇಕಾದ ಕಲ್ಲುಹಾಸು ಬೇಸಿಗೆಯಲ್ಲಿ ಹನ್ನೊಂದು ಗಂಟೆಗೇ ಕಾದ ಕಾವಲಿಯಾಗುವುದರಿಂದ ಒಂದು ಜೊತೆ ದಪ್ಪ ಕಾಲುಚೀಲ ಅಗತ್ಯ. ಸಣ್ಣ ದುರ್ಬೀನು ಇದ್ದರೆ ತನ್ನಿ, ಬೇಲೂರಿನಲ್ಲಿ ಅದಕ್ಕಿಂತ ಉಪಯುಕ್ತ ವಸ್ತು ಬೇರಿಲ್ಲ. ಒಂದು ಟಾರ್ಚ್, ನೀರು, ಚಿಲ್ಲರೆ ಹಣ ಇರಲಿ. ಗೈಡ್‌ಗಳ ಮಾತಿನಲ್ಲಿ ಪದೇಪದೇ ಬರುವ ಕೆಲವು ಪದಗಳ ಪರಿಚಯವೂ ಇದ್ದರೆ ಒಳ್ಳೆಯದು: ಗುಡಿಯನ್ನು ಹೊತ್ತ ನಕ್ಷತ್ರಾಕಾರದ ಎತ್ತರದ ಕಟ್ಟೆ ಜಗತಿ, ಕಂಬಗಳ ನಡುವಿನ ಸಭಾಂಗಣ ನವರಂಗ, ಅದರ ಮೇಲಿನ ಕೆತ್ತನೆಯ ಒಳಚಾವಣಿ ಭುವನೇಶ್ವರಿ, ಬೆಳಕಿಗಾಗಿ ರಂಧ್ರ ಕೊರೆದ ಕಲ್ಲಿನ ಕಿಟಕಿ ಜಾಲಂಧ್ರ.

ಗೈಡ್ ಆಯ್ಕೆ ಮತ್ತು ಒಪ್ಪಂದ

ಮಹಾದ್ವಾರದ ಬಳಿ ನಿಮ್ಮನ್ನು ಕರೆಯುವ ಎಲ್ಲರೂ ಗೈಡ್‌ಗಳಲ್ಲ. ಪ್ರವಾಸೋದ್ಯಮ ಇಲಾಖೆಯಿಂದ ತರಬೇತಿ ಪಡೆದವರ ಬಳಿ ಭಾವಚಿತ್ರವಿರುವ ಗುರುತಿನ ಚೀಟಿ ಇರುತ್ತದೆ. ಅದನ್ನು ತೋರಿಸಿ ಎಂದು ಕೇಳುವುದರಲ್ಲಿ ಸಂಕೋಚ ಬೇಡ, ಪರವಾನಗಿ ಇರುವವರು ಅದಕ್ಕೆ ಬೇಸರಪಡುವುದೂ ಇಲ್ಲ. ಮಾತು ಶುರುವಾಗುವ ಮೊದಲೇ ನಾಲ್ಕು ವಿಷಯಗಳನ್ನು ಇತ್ಯರ್ಥ ಮಾಡಿಕೊಳ್ಳಬೇಕು: ಒಟ್ಟು ಶುಲ್ಕ ಎಷ್ಟು, ಅದು ತಲೆಗೋ ತಂಡಕ್ಕೋ, ಎಷ್ಟು ಹೊತ್ತಿನ ವಿವರಣೆ, ಯಾವ ಭಾಷೆಯಲ್ಲಿ. ಕೊನೆಯದು ಸಣ್ಣ ವಿಷಯವಲ್ಲ. ತಂಡದಲ್ಲಿ ಒಬ್ಬರಿಗೆ ಕನ್ನಡ ಬಾರದೆಂದು ಎಲ್ಲವನ್ನೂ ಹಿಂದಿಯಲ್ಲಿ ಹೇಳಿಸಿಕೊಂಡರೆ, ಮಾತೃಭಾಷೆಯಲ್ಲಿ ಸೊಗಸಾಗಿ ವಿವರಿಸಬಲ್ಲ ಮನುಷ್ಯ ಕಂಠಪಾಠ ಒಪ್ಪಿಸುವವನಾಗಿಬಿಡುತ್ತಾನೆ. ಅವರು ಕನ್ನಡದಲ್ಲಿ ಹೇಳಲಿ, ಅನುವಾದದ ಹೊಣೆಯನ್ನು ನೀವು ಹೊತ್ತುಕೊಳ್ಳಿ.

ತಂಡ ಎಂಟು ಹತ್ತು ಮಂದಿಗಿಂತ ದೊಡ್ಡದಾದರೆ ಇಬ್ಬರು ಗೈಡ್‌ಗಳನ್ನು ಮಾಡಿಕೊಂಡು ಎರಡಾಗಿ ಒಡೆಯುವುದು ಲೇಸು. ನವರಂಗದ ಕಂಬಗಳ ನಡುವೆ ಹಿಂದಿನ ಸಾಲಿನವರಿಗೆ ಮಾತೂ ಕೇಳಿಸುವುದಿಲ್ಲ, ಶಿಲ್ಪವೂ ಕಾಣಿಸುವುದಿಲ್ಲ.

ಇಷ್ಟಾದ ಮೇಲೆ, ಹೆಚ್ಚಿನವರು ಹೇಳದೇ ಬಿಡುವ ಒಂದು ಮಾತನ್ನು ಹೇಳಬೇಕು: "ಕಥೆ ಸ್ವಲ್ಪ ಕಡಿಮೆ ಇರಲಿ, ಕೆತ್ತನೆ ಹೆಚ್ಚು ತೋರಿಸಿ. ನಮಗೆ ಅವಸರವಿಲ್ಲ." ಬಹುತೇಕ ಪ್ರವಾಸಿಗರು ನಲವತ್ತು ನಿಮಿಷದಲ್ಲಿ ಮುಗಿಸಿ ಎನ್ನುವುದರಿಂದ ಗೈಡ್‌ಗಳ ಬಳಿ ಅಷ್ಟಕ್ಕೇ ಹೊಂದುವ ಒಂದು ಸಿದ್ಧ ಪಾಠವಿರುತ್ತದೆ; ಕೇಳುವವರಿಗೆ ಆಸಕ್ತಿಯಿದೆ ಎಂದು ಗೊತ್ತಾದಾಗ ಆ ಪಾಠವನ್ನು ಬದಿಗಿಟ್ಟು ಅವರು ತೋರಿಸುವ ವಿವರಗಳೇ ಬೇರೆ.

ಕಥೆಗಳ ಬಗ್ಗೆಯೂ ಒಂದು ವಿವೇಚನೆ ಬೇಕು. ಜಕಣಾಚಾರಿ ಮತ್ತು ಅವನ ಮಗ ಡಂಕಣನ ಕಥೆ, ಶಿಲೆಯೊಳಗೆ ಕಪ್ಪೆ ಸಿಕ್ಕ ಕಥೆ ಬೇಲೂರಿನಲ್ಲಿ ಕೇಳದೆ ಹೊರಬರುವುದು ಸಾಧ್ಯವಿಲ್ಲ. ಕಥೆ ಚೆನ್ನಾಗಿದೆ, ಕೇಳಿ ಆನಂದಿಸಬೇಕು. ರಾಜ್ಯ ಸರ್ಕಾರ ಶಿಲ್ಪಿಗಳಿಗೆ ಕೊಡುವ ಪ್ರಶಸ್ತಿಗೂ ಜಕಣಾಚಾರಿಯದೇ ಹೆಸರು. ಆದರೆ ಗುಡಿಯ ಕಲ್ಲುಗಳ ಮೇಲೆ ಶಿಲ್ಪಿಗಳು ತಾವೇ ಕೊರೆದುಕೊಂಡ ಹೆಸರುಗಳು ಬೇರೆ: ದಾಸೋಜ, ಚಾವಣ, ಮಲ್ಲಿತಮ್ಮ. ಹೀಗಾಗಿ ಯಾವುದೇ ವಿವರ ಬಂದಾಗ "ಇದು ಶಾಸನದಲ್ಲಿದೆಯೋ, ಜನ ಹೇಳಿಕೊಂಡು ಬಂದದ್ದೋ?" ಎಂದು ಮೆತ್ತಗೆ ಕೇಳುವ ಅಭ್ಯಾಸ ಒಳ್ಳೆಯದು. ಒಳ್ಳೆಯ ಗೈಡ್ ಅದಕ್ಕೆ ನೇರವಾಗಿ ಉತ್ತರಿಸುತ್ತಾರೆ. ಯಾವುದೋ ಮೂರ್ತಿಯ ಕೈಯಲ್ಲಿರುವುದು ದೂರದರ್ಶಕ, ಇನ್ನೊಂದು ಯಂತ್ರ ಎಂಬಂಥ ವಿವರಣೆಗೆ ಇಳಿದರೆ ವಾದ ಮಾಡದೆ ಮುಂದಿನ ಶಿಲ್ಪದತ್ತ ಹೆಜ್ಜೆ ಹಾಕಿ, ಅವರಿಗೂ ಅರ್ಥವಾಗುತ್ತದೆ.

ಬೇಲೂರು

ವಿಷ್ಣುವರ್ಧನನು ತಲಕಾಡಿನಲ್ಲಿ ಚೋಳರ ಮೇಲೆ ಗೆಲುವು ಸಾಧಿಸಿದ ಮೇಲೆ, 1117ರಲ್ಲಿ ಪ್ರತಿಷ್ಠೆ ಮಾಡಿಸಿದ ದೇವಾಲಯವಿದು. ಮೊದಲ ಹೆಸರು ವಿಜಯನಾರಾಯಣ. ನೀವು ಒಳಬರುವ ಎತ್ತರದ ರಾಜಗೋಪುರ ಹೊಯ್ಸಳರದ್ದಲ್ಲ; ದಾಳಿಯಲ್ಲಿ ಹಾಳಾದ ದ್ವಾರವನ್ನು 1397ರಲ್ಲಿ ವಿಜಯನಗರದ ಎರಡನೆಯ ಹರಿಹರನ ದಂಡನಾಯಕ ಗುಂಡ ಮತ್ತೆ ಕಟ್ಟಿಸಿದ್ದು. ಅಂಗಳದಲ್ಲಿ ಅಡಿಪಾಯವಿಲ್ಲದೆ ತನ್ನ ಭಾರದಿಂದಲೇ ನಿಂತ ದೀಪಸ್ತಂಭದ ಅಡಿಯಲ್ಲಿ ಕಾಗದ ತೂರಿಸಿ ತೋರಿಸುವುದು ಗೈಡ್‌ಗಳಿಗೆ ಬಹಳ ಪ್ರಿಯವಾದ ಪ್ರದರ್ಶನ. ಅದನ್ನು ನೋಡಿ, ಬೇಗ ಮುಂದೆ ಹೋಗಿ.

ಪೂರ್ವದ ಬಾಗಿಲಿನ ಬಳಿ ಹುಲಿಯೊಡನೆ ಸೆಣಸುವ ಸಳನ ಶಿಲ್ಪ ಮತ್ತು ಬಾಗಿಲ ಪಕ್ಕದ ಜಾಲಂಧ್ರದಲ್ಲಿ ರಾಜಾಸ್ಥಾನದ ದೃಶ್ಯವಿದೆ. ಅಲ್ಲಿಂದ ಒಳಗೆ ಹೋಗದೆ ಜಗತಿಯ ಮೇಲೆ ಪ್ರದಕ್ಷಿಣೆಯಾಗಿ ಹೊರಡಬೇಕು. ಈ ಜಗತಿ ಕೇವಲ ಅಲಂಕಾರಕ್ಕಲ್ಲ. ಗೋಡೆಯನ್ನು ಸುತ್ತಿ ನೋಡಲೆಂದೇ ಬಿಟ್ಟ ದಾರಿಯಂತೆ ಅದು ಕೆಲಸ ಮಾಡುತ್ತದೆ, ಗುಡಿಯ ಅಂಕುಡೊಂಕಿನ ಅಂಚನ್ನೇ ಅನುಸರಿಸುತ್ತದೆ. ಗೈಡ್ ಗೋಡೆಗೆ ಬೆನ್ನು ಮಾಡಿ ನಿಂತು ಮಾತಾಡುತ್ತಿದ್ದರೆ ನೀವು ಅವರ ಮುಖವನ್ನೇ ನೋಡುತ್ತ ನಿಲ್ಲುತ್ತೀರಿ. ಪಕ್ಕಕ್ಕೆ ಬಂದು ನಿಮ್ಮ ಜೊತೆಗೇ ಗೋಡೆಯನ್ನು ನೋಡುತ್ತ ಮಾತಾಡುವಂತೆ ಕೇಳಿಕೊಳ್ಳಿ.

ಬೇಲೂರಿಗೆ ಬಂದ ಮೇಲೆ ಹೆಚ್ಚು ಸಮಯ ಕೊಡಬೇಕಾದದ್ದು ಮದನಿಕೆಯರಿಗೆ. ಸೂರಿನಿಂದ ಕಂಬಕ್ಕೆ ಓರೆಯಾಗಿ ಆನಿಸಿದ ಈ ಶಿಲ್ಪಗಳು ಹೊರಗೆ 38, ಒಳಗೆ 4. ದರ್ಪಣಸುಂದರಿಯನ್ನು ಎಲ್ಲರೂ ತೋರಿಸುತ್ತಾರೆ, ಕನ್ನಡಿ ಹಿಡಿದ ಅವಳ ಚಿತ್ರ ಕ್ಯಾಲೆಂಡರುಗಳಲ್ಲೂ ಬಂದಿದೆ. ಅವಳನ್ನು ನೋಡಿದ ಮೇಲೆ ಗಿಳಿಯೊಡನೆ ಮಾತಾಡುವವಳು, ಬೇಟೆಗೆ ಹೊರಟವಳು, ಮಂಗ ಸೀರೆಯ ಸೆರಗು ಎಳೆಯುತ್ತಿರುವಾಗ ಕೊಂಬೆ ಎತ್ತಿ ಬೆದರಿಸುವವಳು ಎಲ್ಲಿದ್ದಾರೆಂದು ಕೇಳಿ. ದುರ್ಬೀನನ್ನು ಮುಖದಿಂದ ಮೇಲಕ್ಕೆ ಒಯ್ದು ತಲೆಯ ಮೇಲಿನ ಬಳ್ಳಿಚಪ್ಪರವನ್ನು ನೋಡಿದರೆ, ಎಲೆಗಳ ಹಿಂದೆಯೂ ಉಳಿ ಹೋಗಿ ಕಲ್ಲನ್ನು ಟೊಳ್ಳು ಮಾಡಿರುವುದು ಕಾಣುತ್ತದೆ. ಇಂಥ ಒಂದು ಚಪ್ಪರದಲ್ಲಿ ಹಣ್ಣಿನ ಮೇಲೆ ಕುಳಿತ ನೊಣವನ್ನು ಹಿಡಿಯಲು ಹಲ್ಲಿ ಹೊಂಚುತ್ತಿದೆ. ಅದು ಯಾವ ಮೂಲೆಯಲ್ಲಿದೆ ಎಂದು ನಾನು ಇಲ್ಲಿ ಬರೆಯುವುದಕ್ಕಿಂತ ಗೈಡ್ ಬೆರಳು ಮಾಡಿ ತೋರಿಸುವುದೇ ಸರಿ.

ಬಳಿಕ ದುರ್ಬೀನನ್ನು ಕೆಳಗಿಳಿಸಿ ಮದನಿಕೆಯ ಪಾದಪೀಠಕ್ಕೆ ತನ್ನಿ. ಕೆಲವು ಪೀಠಗಳಲ್ಲಿ ಶಿಲ್ಪಿಯ ಹೆಸರಿದೆ. ಬಳ್ಳಿಗಾವೆಯ ದಾಸೋಜ ಮತ್ತು ಅವನ ಮಗ ಚಾವಣ ಹೀಗೆ ತಮ್ಮ ಕೆಲಸಕ್ಕೆ ಸಹಿ ಹಾಕಿದವರು. ಹೆಸರಿನ ಜೊತೆ ಎದುರಾಳಿ ಶಿಲ್ಪಿಗಳನ್ನು ಮೀರಿಸಿದವರೆಂಬ ಬಿರುದುಗಳನ್ನೂ ಕೊರೆದುಕೊಂಡಿದ್ದಾರೆ. ಇಂದಿನ ಶಿಕಾರಿಪುರ ತಾಲ್ಲೂಕಿನ ಬಳ್ಳಿಗಾವೆಯಿಂದ ಇಲ್ಲಿಗೆ ಬಂದು, ಅರಸನ ಗುಡಿಯಲ್ಲಿ ತನ್ನ ಊರಿನ ಹೆಸರನ್ನೂ ಬಿಡದೆ ಬರೆದ ಆ ಮನುಷ್ಯನ ಅಕ್ಷರಗಳನ್ನು ಗೈಡ್ ತಾವಾಗಿ ತೋರಿಸುವುದು ಅಪರೂಪ, ಏಕೆಂದರೆ ಪ್ರವಾಸಿಗರು ಕೇಳುವುದಿಲ್ಲ. "ಸಹಿ ಇರುವ ಒಂದು ಮದನಿಕೆಯನ್ನು ತೋರಿಸಿ" ಎಂದು ಕೇಳಿ. ನನ್ನ ಮಟ್ಟಿಗೆ ಗೈಡ್ ಶುಲ್ಕ ಸಾರ್ಥಕವಾಗುವುದು ಇಲ್ಲೇ.

ಇಷ್ಟು ಸೂಕ್ಷ್ಮವಾಗಿ ಕಡೆಯಲು ಸಾಧ್ಯವಾದದ್ದಕ್ಕೆ ಕಲ್ಲಿನ ಗುಣವೂ ಕಾರಣ. ಇದು ಬಳಪದ ಕಲ್ಲು. ಗಣಿಯಿಂದ ತೆಗೆದ ಹೊಸತರಲ್ಲಿ ಮೆದುವಾಗಿದ್ದು ಉಳಿಗೆ ಸುಲಭವಾಗಿ ಒಗ್ಗುತ್ತದೆ, ಗಾಳಿ ಬಿಸಿಲಿಗೆ ಒಡ್ಡಿಕೊಂಡಂತೆ ಗಡುಸಾಗುತ್ತದೆ. ಹಾಗೆಂದು ಮುಟ್ಟಿ ನೋಡಬೇಡಿ. ಸಾವಿರಾರು ಕೈಗಳ ಜಿಡ್ಡು ಬಿದ್ದ ಕಡೆ ಕೆತ್ತನೆಯ ಅಂಚು ಹೇಗೆ ಸವೆದಿದೆ ಎಂಬುದು ಬಾಗಿಲ ಬಳಿಯ ಶಿಲ್ಪಗಳಲ್ಲೇ ತಿಳಿಯುತ್ತದೆ. ಗೋಡೆಯ ಒಂದೆಡೆ ಒಂದು ಪ್ರಾಣಿಯನ್ನು ಇನ್ನೊಂದು ಹಿಡಿದಿರುವ ಸರಪಳಿಯಲ್ಲಿ ಪುರಾಣದ ಮೃಗವಾದ ಶರಭವೂ ಅದರ ಮೇಲೆ ಗಂಡಭೇರುಂಡವೂ ಬರುತ್ತವೆ. ಮಕ್ಕಳು ಜೊತೆಗಿದ್ದರೆ ಅದನ್ನು ತಪ್ಪಿಸಬೇಡಿ.

ಒಳಗೆ ಹೋದ ಕೂಡಲೇ ಟಾರ್ಚ್ ಹಾಕಿಸಬೇಡಿ. ಬಿಸಿಲಿನಿಂದ ಬಂದ ಕಣ್ಣು ಕತ್ತಲೆಗೆ ಹೊಂದಿಕೊಳ್ಳಲು ಎರಡು ಮೂರು ನಿಮಿಷ ಸುಮ್ಮನೆ ನಿಂತರೆ, ಜಾಲಂಧ್ರಗಳಿಂದ ಬರುವ ಬೆಳಕಿನಲ್ಲೇ ಕಂಬಗಳ ಹೊಳಪು ಕಾಣತೊಡಗುತ್ತದೆ. ಈ ಜಾಲಂಧ್ರಗಳು ಮೂಲದಲ್ಲಿ ಇರಲಿಲ್ಲ, ವಿಷ್ಣುವರ್ಧನನ ಮೊಮ್ಮಗ ಇಮ್ಮಡಿ ಬಲ್ಲಾಳನ ಕಾಲದಲ್ಲಿ ಸೇರಿದವು. ಅದಕ್ಕೆ ಮೊದಲು ನವರಂಗ ತೆರೆದೇ ಇತ್ತು ಎಂಬುದನ್ನು ನೆನಪಿಟ್ಟುಕೊಂಡರೆ ಒಳಗಿನ ಕೆತ್ತನೆ ಇಷ್ಟು ನಯವಾಗಿರುವುದೇಕೆ ಎಂದು ತಿಳಿಯುತ್ತದೆ. ಕತ್ತಲೆಯಲ್ಲಿಡಲು ಯಾರೂ ಇಷ್ಟು ಶ್ರಮಪಡುವುದಿಲ್ಲ. ಕಂಬಗಳಲ್ಲಿ ಹಲವನ್ನು ಚರಕಿಗೆ ಹಾಕಿ ತಿರುಗಿಸಿ ಕಡೆದಿದ್ದಾರೆ, ಅವುಗಳ ಮೈಮೇಲಿನ ಸಣ್ಣ ಸಣ್ಣ ಉಂಗುರಗಳನ್ನು ಗಮನಿಸಿ. ನರಸಿಂಹ ಕಂಬ ಒಂದು ಕಾಲದಲ್ಲಿ ತಿರುಗುತ್ತಿತ್ತು ಎನ್ನುತ್ತಾರೆ. ಆ ಕಂಬದಲ್ಲಿ ಕೆತ್ತದೆ ಬಿಟ್ಟ ಒಂದು ಪುಟ್ಟ ಚೌಕವಿದೆ, ತನಗೆ ಸಮನಾದವನು ಬಂದು ತುಂಬಲಿ ಎಂದು ಶಿಲ್ಪಿ ಬಿಟ್ಟದ್ದೆಂಬ ಮಾತಿದೆ. ಭುವನೇಶ್ವರಿಯನ್ನು ನೋಡುವಾಗ ಮಾತ್ರ ಟಾರ್ಚ್ ಬೇಕು. ಬೆಳಕನ್ನು ನೇರವಾಗಿ ಮೇಲಕ್ಕೆ ಬಿಡದೆ ಪಕ್ಕದಿಂದ ಓರೆಯಾಗಿ ಬಿಡಲು ಹೇಳಿ, ಇಲ್ಲವಾದರೆ ನೆರಳಿಲ್ಲದೆ ಕೆತ್ತನೆ ಚಪ್ಪಟೆಯಾಗಿ ಕಾಣುತ್ತದೆ.

ಚೆನ್ನಕೇಶವನ ದರ್ಶನಕ್ಕೆ ನಿಂತಾಗ ಕೈಗಳನ್ನು ನೋಡಿ. ಮೇಲಿನ ಎರಡು ಕೈಗಳಲ್ಲಿ ಶಂಖ ಮತ್ತು ಚಕ್ರ, ಕೆಳಗಿನವುಗಳಲ್ಲಿ ಪದ್ಮ ಮತ್ತು ಗದೆ. ಸಂಧ್ಯಾವಂದನೆಯಲ್ಲಿ ಹೇಳುವ ಕೇಶವಾದಿ 24 ನಾಮಗಳಿಗೂ ಇವೇ ನಾಲ್ಕು ಆಯುಧಗಳು, ಕೈ ಬದಲಾದಂತೆ ಹೆಸರು ಬದಲಾಗುತ್ತದೆ. ಇದನ್ನು ಗೈಡ್ ಒಮ್ಮೆ ಒಂದೆರಡು ಮೂರ್ತಿಗಳ ಮೇಲೆ ವಿವರಿಸಿದರೆ, ಉಳಿದ ಹೊಯ್ಸಳ ಗುಡಿಗಳಲ್ಲಿ ನೀವೇ ಗುರುತಿಸಲು ಪ್ರಯತ್ನಿಸಬಹುದು. ಗರ್ಭಗುಡಿಯತ್ತ ಕ್ಯಾಮೆರಾ ಬೇಡ. ಪೂಜೆಯ ಹೊತ್ತಿನಲ್ಲಿ ವಿವರಣೆ ನಿಲ್ಲಿಸಿ ಬದಿಗೆ ಸರಿಯುವುದು ಮರ್ಯಾದೆ.

ಅದೇ ಆವರಣದಲ್ಲಿ ಶಾಂತಲಾದೇವಿ ಕಟ್ಟಿಸಿದ ಕಪ್ಪೆ ಚೆನ್ನಿಗರಾಯನ ಗುಡಿಯಿದೆ, ಹೆಚ್ಚಿನ ತಂಡಗಳು ಅದನ್ನು ದೂರದಿಂದಲೇ ತೋರಿಸಿ ಮುಗಿಸುತ್ತವೆ. ಹತ್ತು ನಿಮಿಷವಾದರೂ ಕೊಡಿ.

ಹಳೇಬೀಡು

ಇಲ್ಲಿ ಗೈಡ್‌ಗೆ ಹೇಳಬೇಕಾದ ಮಾತು ಬೇರೆ. ದೋರಸಮುದ್ರವೆಂಬ ರಾಜಧಾನಿಯಾಗಿದ್ದ ಈ ಊರಿನ ಹೊಯ್ಸಳೇಶ್ವರ ದೇವಾಲಯ 1121ರ ಸುಮಾರಿಗೆ ವಿಷ್ಣುವರ್ಧನನ ಅಧಿಕಾರಿ ಕೇತಮಲ್ಲನ ಮುತುವರ್ಜಿಯಲ್ಲಿ ಎದ್ದದ್ದು. ಹೊಯ್ಸಳೇಶ್ವರ, ಶಾಂತಲೇಶ್ವರ ಎಂಬ ಎರಡು ಗುಡಿಗಳು ಒಂದಕ್ಕೊಂದು ಅಂಟಿಕೊಂಡು, ಎದುರಿಗೆ ಒಂದೊಂದಕ್ಕೂ ಒಂದು ನಂದಿ ಮಂಟಪವಿದೆ. ಗೋಡೆ ಅತಿ ಉದ್ದ. ಎಲ್ಲವನ್ನೂ ನೋಡುತ್ತೇನೆಂದು ಹೊರಟವರು ಅರ್ಧ ದಾರಿಗೇ ಸೋಲುತ್ತಾರೆ.

ಆದ್ದರಿಂದ ಮೊದಲು ಒಂದೇ ಜಾಗದಲ್ಲಿ ನಿಂತು ಕೆಳಗಿನಿಂದ ಮೇಲಕ್ಕೆ ಪಟ್ಟಿಕೆಗಳನ್ನು ಎಣಿಸಿ: ಆನೆ, ಸಿಂಹ, ಬಳ್ಳಿ, ಕುದುರೆ ಸವಾರರು, ಮತ್ತೆ ಬಳ್ಳಿ, ಪುರಾಣ ಮತ್ತು ಕಾವ್ಯಗಳ ದೃಶ್ಯಗಳು, ಮಕರ, ಹಂಸ. ಆನೆಗಳ ಸಾಲನ್ನು ಕೆಲವು ಗಜ ಅನುಸರಿಸಿ ನಡೆದರೆ ಒಂದರ ಸೊಂಡಿಲಿನ ಭಂಗಿ ಪಕ್ಕದ್ದರಲ್ಲಿಲ್ಲ ಎಂಬುದು ತಾನಾಗಿ ತಿಳಿಯುತ್ತದೆ. ನಂತರ ಕಥೆಯ ಪಟ್ಟಿಕೆಯಲ್ಲಿ ಒಂದು ಪ್ರಸಂಗವನ್ನು ಆರಂಭದಿಂದ ಕೊನೆಯವರೆಗೆ ಓದಿಸಿ ಎಂದು ಗೈಡ್‌ಗೆ ಹೇಳಿ. ಅಭಿಮನ್ಯು ಪ್ರವೇಶಿಸಿದ ಚಕ್ರವ್ಯೂಹ ಇದಕ್ಕೆ ತಕ್ಕ ಆಯ್ಕೆ: ಸುರುಳಿ ಸುತ್ತಿದ ವ್ಯೂಹವನ್ನು ಅಂಗೈಯಗಲದ ಜಾಗದಲ್ಲಿ ಹೇಗೆ ಬಿಡಿಸಿದ್ದಾರೆ ಎಂಬುದನ್ನು ಮಂಡಿಯೂರಿ ನೋಡಬೇಕು. ಕುಮಾರವ್ಯಾಸನನ್ನು ಓದಿದವರಿಗೆ, ಗಮಕ ಕೇಳಿದವರಿಗೆ ಇಲ್ಲಿ ಗೈಡ್‌ನ ಸಹಾಯವೂ ಹೆಚ್ಚು ಬೇಕಾಗದು.

ದೊಡ್ಡ ಮೂರ್ತಿಗಳಲ್ಲಿ ಆನೆಯ ಚರ್ಮ ಸೀಳಿ ಅದರೊಳಗೆ ಕುಣಿಯುವ ಗಜಾಸುರಸಂಹಾರ ಮೂರ್ತಿ, ಕೈಲಾಸವನ್ನು ಎತ್ತುವ ರಾವಣ, ಗೋವರ್ಧನಗಿರಿಧಾರಿ, ನರ್ತನ ಗಣಪತಿ ಇವಿಷ್ಟನ್ನು ನಿಧಾನವಾಗಿ ನೋಡಿದರೆ ಸಾಕು. ಶಿಖರವಿಲ್ಲದ ಗುಡಿಯನ್ನೂ ಮುರಿದ ಕೈಕಾಲುಗಳನ್ನೂ ಕಂಡು ಪ್ರಶ್ನೆ ಬಂದೇ ಬರುತ್ತದೆ. 1311ರಲ್ಲಿ ದೆಹಲಿ ಸುಲ್ತಾನನ ದಂಡನಾಯಕ ಮಲಿಕ್ ಕಾಫೂರನ ಸೇನೆ ಈ ರಾಜಧಾನಿಯ ಮೇಲೆರಗಿತು, ಮುಂದೆ ಮತ್ತೂ ದಾಳಿಗಳಾದವು. ಗುಡಿಯ ಕೆಲಸವೂ ಪೂರ್ತಿಯಾಗಿರಲಿಲ್ಲ. ಒಡೆದದ್ದು ಯಾವುದು, ಮುಗಿಯದೇ ಉಳಿದದ್ದು ಯಾವುದು ಎಂಬುದನ್ನು ಬೇರ್ಪಡಿಸಿ ತೋರಿಸುವಂತೆ ಕೇಳುವುದು ಉಪಯುಕ್ತ.

ಆವರಣದಲ್ಲಿರುವ ಗರುಡಗಂಬ ಅನೇಕರ ಕಣ್ಣಿಗೆ ಬೀಳುವುದಿಲ್ಲ. ಇಮ್ಮಡಿ ಬಲ್ಲಾಳನ ಅಂಗರಕ್ಷಕ ಕುವರ ಲಕ್ಷ್ಮ ಅರಸನ ಮರಣದ ಹೊತ್ತಿಗೆ ಪ್ರಾಣ ತೆತ್ತ ನೆನಪಿಗೆ ನಿಲ್ಲಿಸಿದ್ದು ಅದು. ತಮ್ಮ ತಲೆಯನ್ನು ತಾವೇ ಕತ್ತರಿಸಿಕೊಳ್ಳುವ ಗರುಡರ, ಅಂದರೆ ಅರಸನೊಡನೆ ಸಾಯುವ ಪಣ ತೊಟ್ಟ ಅಂಗರಕ್ಷಕರ, ಆಕೃತಿಗಳು ಕಂಬದ ಮೇಲಿವೆ. ದೇವರ ಶಿಲ್ಪಗಳ ನಡುವೆ ಮನುಷ್ಯರ ನಿಷ್ಠೆಯ ಈ ಭೀಕರ ದಾಖಲೆಯನ್ನು ವಿವರಿಸಲು ಗೈಡ್ ಮರೆತರೆ ನೆನಪಿಸಿ.

ಒಪ್ಪಂದ ಮಾಡಿಕೊಳ್ಳುವಾಗಲೇ ಬಸದಿಗಳನ್ನೂ ಸೇರಿಸಿಕೊಳ್ಳಿ. ಹೊಯ್ಸಳೇಶ್ವರದಿಂದ ನಡೆದೇ ಹೋಗಬಹುದಾದ ದೂರದಲ್ಲಿ, ವಿಷ್ಣುವರ್ಧನನ ದಂಡನಾಯಕ ಗಂಗರಾಜನ ನೆನಪಿಗಾಗಿ ಅವನ ಮಗ ಬೊಪ್ಪದೇವ 1133ರಲ್ಲಿ ಕಟ್ಟಿಸಿದ ಪಾರ್ಶ್ವನಾಥ ಬಸದಿಯಿದೆ. ಹೊರಗೋಡೆ ಸರಳ, ಒಳಗಿನ ಕಂಬಗಳಲ್ಲಿ ಮುಖ ಕಾಣುವಷ್ಟು ಹೊಳಪು. ಗದ್ದಲದ ಗುಡಿಯಿಂದ ಇಲ್ಲಿಗೆ ಬಂದಾಗ, ಅದೇ ಕಾಲದ ಅದೇ ನಾಡಿನ ಕುಶಲಿಗಳು ಬಯಸಿದರೆ ಕೆತ್ತದೆಯೂ ಬಿಡಬಲ್ಲವರಾಗಿದ್ದರು ಎಂಬುದು ಕಾಣುತ್ತದೆ. ಸಮಯ ಉಳಿದರೆ 1219ರ ಕೇದಾರೇಶ್ವರ ದೇವಾಲಯವೂ ಹತ್ತಿರದಲ್ಲೇ ಇದೆ.

ಸೋಮನಾಥಪುರ

ಮೈಸೂರಿನಿಂದ ಸುಮಾರು 35 ಕಿಲೋಮೀಟರ್ ದೂರದ ಈ ಕೇಶವ ದೇವಾಲಯವನ್ನು 1258ರಲ್ಲಿ ಮುಮ್ಮಡಿ ನರಸಿಂಹನ ದಂಡನಾಯಕ ಸೋಮನಾಥ ಕಟ್ಟಿಸಿದ. ಪೂಜೆಯಿಲ್ಲದ, ಪುರಾತತ್ವ ಸರ್ವೇಕ್ಷಣ ಇಲಾಖೆಯ ರಕ್ಷಣೆಯಲ್ಲಿರುವ ಸ್ಮಾರಕವಾದ್ದರಿಂದ ಟಿಕೆಟ್ ಪಡೆಯಬೇಕು. ಒಳಗೆ ನಿಂತು ಎಷ್ಟು ಹೊತ್ತು ವಿವರಣೆ ಕೇಳಿದರೂ ಯಾರಿಗೂ ಅಡ್ಡಿಯಾಗುವುದಿಲ್ಲ ಎಂಬುದು ಇದರ ಅನುಕೂಲ. ಮೂರು ಗರ್ಭಗುಡಿಗಳಲ್ಲಿ ಜನಾರ್ದನ ಮತ್ತು ವೇಣುಗೋಪಾಲರ ಮೂರ್ತಿಗಳು ಉಳಿದಿವೆ, ಕೇಶವನ ಮೂಲ ಮೂರ್ತಿ ಇಲ್ಲ. ಬೇಲೂರಿನಲ್ಲೂ ಹಳೇಬೀಡಿನಲ್ಲೂ ಇಲ್ಲದ ಶಿಖರ ಇಲ್ಲಿ ಮೂರಕ್ಕೆ ಮೂರೂ ಇವೆ. ಹೀಗಾಗಿ ಆ ಎರಡನ್ನು ನೋಡಿದ ಮೇಲೆ ಇಲ್ಲಿಗೆ ಬರುವುದು ಸರಿಯಾದ ಕ್ರಮ: ನಕ್ಷತ್ರದ ಕೋನಗಳು ಜಗತಿಯಿಂದ ಗೋಡೆಗೆ, ಗೋಡೆಯಿಂದ ಶಿಖರದ ತುದಿಯವರೆಗೆ ಮುರಿಯದೆ ಏರುವುದನ್ನು ಈ ಒಂದು ಕಡೆ ಮಾತ್ರ ಪೂರ್ತಿಯಾಗಿ ನೋಡಬಹುದು. ಇದಕ್ಕಾಗಿ ಜಗತಿಯಿಂದ ಕೆಳಗಿಳಿದು, ಸುತ್ತಲಿನ 64 ಕೋಣೆಗಳ ಕೈಸಾಲೆಯ ಹಿಂಬದಿ ಮೂಲೆಗೆ ಹೋಗಿ ನಿಲ್ಲಬೇಕು.

ನವರಂಗದ ಒಳಚಾವಣಿಗಳು ಒಟ್ಟು 16, ಬಹುಪಾಲು ಬಾಳೆಯ ಹೂವಿನಂತೆ ಇಳಿಬಿದ್ದ ಮೊಗ್ಗುಗಳು, ಒಂದರಂತೆ ಇನ್ನೊಂದಿಲ್ಲ. ಕತ್ತೆತ್ತಿ ನೋಡಿ ನೋವು ಬರಿಸಿಕೊಳ್ಳುವ ಬದಲು ಮೊಬೈಲಿನ ಮುಂಬದಿ ಕ್ಯಾಮೆರಾ ತೆರೆದು ಸೊಂಟದ ಎತ್ತರದಲ್ಲಿ ಅಂಗಾತ ಹಿಡಿದರೆ ಇಡೀ ಭುವನೇಶ್ವರಿ ಪರದೆಯಲ್ಲಿ ಬರುತ್ತದೆ. ವಯಸ್ಸಾದವರಿಗೆ ಇದು ದೊಡ್ಡ ಉಪಕಾರ. ಹೊರಗೋಡೆಯ ಮೂರ್ತಿಗಳ ಕೆಳಗೆ ಮಲ್ಲಿತಮ್ಮನ ಹೆಸರು ಅನೇಕ ಕಡೆ ಇದೆ. ಬೇಲೂರಿನಂತೆ ದುರ್ಬೀನು ಬೇಡ, ಅಕ್ಷರಗಳು ಬರಿಗಣ್ಣಿಗೆ ಸಿಗುವ ಎತ್ತರದಲ್ಲೇ ಇವೆ. ಅವನ ಸಹಿಯಿರುವ ಎರಡು ಮೂರ್ತಿಗಳನ್ನು ಗೈಡ್ ತೋರಿಸಿದ ಮೇಲೆ ಮೂರನೆಯದನ್ನು ನೀವೇ ಹುಡುಕಿ.

ಗೈಡ್ ವಿವರಣೆ ಮುಗಿಸಿದಾಗ ಅಲ್ಲೇ ಶುಲ್ಕ ಕೊಟ್ಟು ಬೀಳ್ಕೊಡಿ, ವಾಹನದವರೆಗೆ ಅವರ ಜೊತೆಗೇ ನಡೆದುಬಿಡಬೇಡಿ. ಇನ್ನೊಂದು ಸುತ್ತು ಯಾರ ಮಾತೂ ಇಲ್ಲದೆ ಹಾಕಲು ಮೂರೂ ಸ್ಥಳಗಳಲ್ಲಿ ಅರ್ಧ ಗಂಟೆ ಮೀಸಲಿಡಬೇಕು. ಮೊದಲ ಸುತ್ತಿನಲ್ಲಿ ಅವರು ಬೆರಳು ಮಾಡಿ ತೋರಿಸಿದ ಶಿಲ್ಪದ ಎಡಬಲಗಳಲ್ಲಿ ಇದ್ದವು ಯಾವುವು ಎಂದು ನೋಡಲು ಆಗ ಮಾತ್ರ ಬಿಡುವಾಗುತ್ತದೆ. ಸೋಮನಾಥಪುರದಲ್ಲಿ ಈ ಸುತ್ತು ಮುಗಿಸಿ ಹೊರಬರುವಾಗ ಪ್ರವೇಶದ್ವಾರದ ಬಳಿಯ ಶಾಸನದ ಎದುರು ನಿಲ್ಲಿ. ದತ್ತಿಗಳ ವಿವರವಿರುವ ಆ ಕಲ್ಲನ್ನು ಒಳಬರುವಾಗ ಯಾರೂ ಗಮನಿಸುವುದಿಲ್ಲ. ಬಸ್ಸಿನಲ್ಲಿ ಬಂದವರು ಬನ್ನೂರಿನ ಅಥವಾ ತಿರುಮಕೂಡಲು ನರಸೀಪುರದ ಮೂಲಕ ಮೈಸೂರಿಗೆ ಮರಳಬಹುದು, ಕೊನೆಯ ಬಸ್ಸಿನ ಹೊತ್ತನ್ನು ಇಳಿದ ಕೂಡಲೇ ವಿಚಾರಿಸಿಟ್ಟುಕೊಳ್ಳಿ.